ಗಾಥೆಗಳನ್ನು ಓದುವ ಬಗೆ: ಜರತುಷ್ಟ್ರನ ಸೂಕ್ತಗಳ ಸುತ್ತ 250 ವರ್ಷಗಳ ಚರ್ಚೆ

ಪಾರ್ಸಿಗಳ ಧರ್ಮಗ್ರಂಥವಾದ ಅವೆಸ್ತಾದಲ್ಲಿ 17 ಸೂಕ್ತಗಳ ಒಂದು ಪುಟ್ಟ ಗುಚ್ಛವಿದೆ. ಆ ಧರ್ಮದ ಪ್ರವಾದಿ ಜರತುಷ್ಟ್ರನವೆಂದು ಪರಂಪರೆ ಹೇಳುವ ಇವಕ್ಕೆ ಗಾಥೆಗಳೆಂದು ಹೆಸರು. ಒಟ್ಟು 238 ಪದ್ಯಗಳು, ಹೆಚ್ಚೆಂದರೆ 6,000 ಪದಗಳು. ಗಾತ್ರದಲ್ಲಿ ಋಗ್ವೇದದ ಒಂದು ಮಂಡಲಕ್ಕೂ ಸಮವಲ್ಲ. ಆದರೆ ಜಗತ್ತಿನ ಧರ್ಮಸಾಹಿತ್ಯದಲ್ಲಿ ಇಷ್ಟು ಕಡಿಮೆ ಸಾಲುಗಳ ಮೇಲೆ ಇಷ್ಟು ದೀರ್ಘವಾದ ವಾದ ನಡೆದ ಉದಾಹರಣೆಗಳು ವಿರಳ. ಇಬ್ಬರು ಸಮರ್ಥ ವಿದ್ವಾಂಸರ ಅನುವಾದಗಳನ್ನು ಪಕ್ಕಪಕ್ಕದಲ್ಲಿಟ್ಟು ಓದಿದರೆ ಎಷ್ಟೋ ಕಡೆ ಅವು ಒಂದೇ ಪದ್ಯದ ಅನುವಾದವೆಂದು ನಂಬುವುದು ಕಷ್ಟವಾಗುತ್ತದೆ. ಒಬ್ಬರಿಗೆ ಅದು ಪ್ರವಾದಿಯ ಉಪದೇಶ, ಇನ್ನೊಬ್ಬರಿಗೆ ಯಜ್ಞದ ಮಂತ್ರ.

ಈ ಭಿನ್ನತೆಗೆ ವಿದ್ವಾಂಸರ ಹಟ ಕಾರಣವಲ್ಲ. ಗಾಥೆಗಳ ಶಬ್ದ ಉಳಿಯಿತು. ಅರ್ಥವನ್ನು ಬಿಡಿಸಿ ಹೇಳುವ ಜೀವಂತ ತಿಳಿವಳಿಕೆ ಮಾತ್ರ ನಡುವೆ ಎಲ್ಲೋ ಕಡಿದುಹೋಯಿತು. ಕಡಿದುಹೋದದ್ದನ್ನು ಯಾವುದರ ನೆರವಿನಿಂದ ಕೂಡಿಸಬೇಕು ಎಂಬುದೇ ಇಡೀ ಚರ್ಚೆಯ ತಿರುಳು. ವೇದದ ನೆರವಿನಿಂದ ಎಂದರು ಕೆಲವರು. ಪಾರ್ಸಿಗಳ ಸ್ವಂತ ವ್ಯಾಖ್ಯಾನ ಪರಂಪರೆಯಿಂದ ಎಂದರು ಇನ್ನು ಕೆಲವರು. ಇಂದಿಗೂ ನಡೆಯುತ್ತಿರುವ ಪೂಜಾವಿಧಿಯಿಂದ ಎನ್ನುವವರು ಈಚಿನವರು. ಮೂರು ದಾರಿಗಳಲ್ಲೂ ಸತ್ಯವಿದೆ, ಒಂದನ್ನೇ ನೆಚ್ಚಿದವರೆಲ್ಲ ಎಡವಿದ್ದಾರೆ ಎಂಬುದು ಈ ಲೇಖನದ ನಿಲುವು.

ಉಳಿದುಬಂದದ್ದು ಏನು?

ಅವೆಸ್ತಾ ಒಂದೇ ಕಾಲದ, ಒಂದೇ ಕೈಯ ಗ್ರಂಥವಲ್ಲ. ಇರಾನಿನ ಸಾಸಾನಿ ಅರಸರ ಕಾಲದಲ್ಲಿ ಅದು 21 ಭಾಗಗಳ ದೊಡ್ಡ ಸಂಕಲನವಾಗಿತ್ತೆಂದು ಪಹ್ಲವಿ, ಅಂದರೆ ಮಧ್ಯ ಪರ್ಷಿಯನ್ ಭಾಷೆಯ ಗ್ರಂಥ ದೀನ್‌ಕರ್ದ್ ಹೇಳುತ್ತದೆ. ನಮಗೆ ದಕ್ಕಿರುವುದು ಅದರ ಸುಮಾರು ಕಾಲುಭಾಗ. ಅದರಲ್ಲಿ ಮುಖ್ಯವಾದದ್ದು 72 ಅಧ್ಯಾಯಗಳ ಯಸ್ನ, ಅಂದರೆ ಯಜನದ ಪಠ್ಯ. ಯಸ್ನದ 28ರಿಂದ 34, 43ರಿಂದ 51 ಹಾಗೂ 53ನೆಯ ಅಧ್ಯಾಯಗಳೇ ಗಾಥೆಗಳು. ಛಂದಸ್ಸಿಗೆ ತಕ್ಕಂತೆ ಇವನ್ನು ಐದು ಗುಂಪು ಮಾಡಲಾಗಿದೆ. ಅಕ್ಷರಗಳ ಎಣಿಕೆಯ ಮೇಲೆ ನಿಂತಿರುವ ಈ ಛಂದಸ್ಸು ವೈದಿಕ ಛಂದಸ್ಸಿನ ಸೋದರ. ನಡುವೆ ಬರುವ 35ರಿಂದ 41ನೆಯ ಅಧ್ಯಾಯಗಳು 'ಏಳು ಅಧ್ಯಾಯಗಳ ಯಸ್ನ' ಎಂಬ ಗದ್ಯಭಾಗ. ಅದರ ಭಾಷೆಯೂ ಗಾಥೆಗಳಷ್ಟೇ ಹಳೆಯದು.

ಉಳಿದ ಅವೆಸ್ತಾದ ಭಾಷೆ ಹೊಸದು. ಹಳೆಯ ಅವೆಸ್ತಾ ಭಾಷೆ ಋಗ್ವೇದದ ಸಂಸ್ಕೃತಕ್ಕೆ ಎಷ್ಟು ಹತ್ತಿರವೆಂದರೆ, ಹಳಗನ್ನಡದ ಪಾಲು ಹೊಸಗನ್ನಡದಲ್ಲಿ ಹಾಲಾಗುವ ಹಾಗೆ, ನಿಯಮ ತಿಳಿದರೆ ಒಂದರಿಂದ ಇನ್ನೊಂದಕ್ಕೆ ದಾಟಬಹುದು. ಸಂಸ್ಕೃತದ ಸಕಾರ ಅಲ್ಲಿ ಹಕಾರವಾಗುತ್ತದೆ: ಸೋಮ ಹಓಮವಾಗುತ್ತದೆ, ಅಸುರ ಅಹುರನಾಗುತ್ತಾನೆ, ಸಪ್ತಸಿಂಧು ಹಪ್ತ ಹೆಂದು ಆಗುತ್ತದೆ.

ಇದೆಲ್ಲ ಬರಹಕ್ಕೆ ಇಳಿದದ್ದು ಬಹಳ ತಡವಾಗಿ. ಅವೆಸ್ತಾ ಲಿಪಿ ಹುಟ್ಟಿದ್ದೇ ಸಾಸಾನಿ ಕಾಲದಲ್ಲಿ. ಪುರೋಹಿತರ ಉಚ್ಚಾರಣೆಯ ಸೂಕ್ಷ್ಮಗಳನ್ನು ಹಿಡಿದಿಡಲೆಂದೇ 50ಕ್ಕೂ ಹೆಚ್ಚು ಅಕ್ಷರಗಳನ್ನು ರೂಪಿಸಿದರು. ಆ ಕಾಲದ ಹಸ್ತಪ್ರತಿ ಒಂದೂ ಉಳಿದಿಲ್ಲ. ಯಸ್ನದ ಅತಿ ಮುಖ್ಯ ಪ್ರತಿಗಳಲ್ಲಿ ಎರಡನ್ನು ಮೆಹರ್‌ಬಾನ್ ಕೈಖುಸ್ರೋ ಎಂಬ ಪುರೋಹಿತ 1323ರಲ್ಲಿ ಗುಜರಾತಿನ ಖಂಭಾತದಲ್ಲಿ ನಕಲು ಮಾಡಿದ. ಒಂದು ಇಂದು ಆಕ್ಸ್‌ಫರ್ಡಿನಲ್ಲಿದೆ, ಇನ್ನೊಂದು ಕೋಪನ್‌ಹೇಗನ್ನಿನಲ್ಲಿದೆ. ಆ ಪುಟಗಳಲ್ಲಿ ಒಂದು ಅವೆಸ್ತಾ ವಾಕ್ಯ, ಅದರ ಬೆನ್ನಿಗೇ ಪಹ್ಲವಿ ಅನುವಾದ, ಮತ್ತೆ ಅವೆಸ್ತಾ ಹೀಗೆ ಸಾಗುತ್ತದೆ. ಮೂಲ ಮತ್ತು ವ್ಯಾಖ್ಯಾನ ಒಂದೇ ಸಾಲಿನಲ್ಲಿ ಹೆಣೆದುಕೊಂಡಿರುವ ಈ ಪುಟಗಳಿಂದಲೇ ಮುಂದಿನ ಜಗಳಗಳೆಲ್ಲ ಹೊರಟವು.

ಸೂರತ್ತಿನಿಂದ ಪ್ಯಾರಿಸ್ಸಿಗೆ

ಯುರೋಪಿಗೆ ಅವೆಸ್ತಾವನ್ನು ಒಯ್ದವನು ಆಂಕೆತಿಲ್ ದ್ಯುಪೆರಾನ್. 1755ರಲ್ಲಿ ಭಾರತಕ್ಕೆ ಬಂದ ಈ ಫ್ರೆಂಚ್ ತರುಣ 1758ರಿಂದ 1761ರವರೆಗೆ ಸೂರತ್ತಿನಲ್ಲಿದ್ದು ಪಾರ್ಸಿ ದಸ್ತೂರರಿಂದ, ಅಂದರೆ ಪುರೋಹಿತರಿಂದ ಪಾಠ ಹೇಳಿಸಿಕೊಂಡ. ಹಸ್ತಪ್ರತಿಗಳನ್ನು ಪ್ಯಾರಿಸ್ಸಿನ ರಾಜಗ್ರಂಥಾಲಯಕ್ಕೆ ಒಪ್ಪಿಸಿ 1771ರಲ್ಲಿ ಅನುವಾದ ಪ್ರಕಟಿಸಿದ. ಇಂಥ ಗೋಜಲಿನ ಮಾತುಗಳನ್ನು ಮಹಾಜ್ಞಾನಿ ಜರತುಷ್ಟ್ರ ಆಡಿರಲಾರ, ಇದು ಕೃತಕ ಎಂದು ಆಗಿನ್ನೂ ತರುಣನಾಗಿದ್ದ ವಿಲಿಯಂ ಜೋನ್ಸ್ ಅದೇ ವರ್ಷ ಹರಿಹಾಯ್ದ. ಅವೆಸ್ತಾ ಅಸಲಿಯೋ ನಕಲಿಯೋ ಎಂಬುದೇ ಅರ್ಧ ಶತಮಾನದ ವಾದವಾಯಿತು.

ಅದಕ್ಕೆ ತೆರೆ ಎಳೆದವನು ಡೆನ್ಮಾರ್ಕಿನ ರಾಸ್ಮುಸ್ ರಾಸ್ಕ್. ಮುಂಬಯಿಯಲ್ಲಿ ಹಸ್ತಪ್ರತಿ ಸಂಗ್ರಹಿಸಿ ಮರಳಿದ ಅವನು 1826ರಲ್ಲಿ ಈ ಭಾಷೆ ಸಂಸ್ಕೃತದ ಮಗಳಲ್ಲ, ಸಮವಯಸ್ಕ ಸೋದರಿ ಎಂದು ತೋರಿಸಿಕೊಟ್ಟ. 1833ರಲ್ಲಿ ಫ್ರಾನ್ಸಿನ ಯುಜೀನ್ ಬ್ಯುರ್ನೂಫ್ ಯಸ್ನದ ಮೇಲೆ ವ್ಯಾಖ್ಯಾನ ಬರೆದಾಗ ಅವನ ಕೈಹಿಡಿದದ್ದು ಒಂದು ಸಂಸ್ಕೃತ ಗ್ರಂಥ. ನೈರ್ಯೋಸಂಗ ಧವಲ ಎಂಬ ಪಾರ್ಸಿ ಪಂಡಿತ ಗುಜರಾತಿನಲ್ಲಿ ಸುಮಾರು 12–13ನೆಯ ಶತಮಾನದಲ್ಲಿ ಯಸ್ನವನ್ನು ಪಹ್ಲವಿಯ ಮೂಲಕ ಸಂಸ್ಕೃತಕ್ಕೆ ತಂದಿದ್ದ. ಭಾರತದ ಮಣ್ಣಿನಲ್ಲಿ ಆದ ಈ ಕೆಲಸ ಇಲ್ಲದಿದ್ದರೆ ಯುರೋಪಿನ ಅವೆಸ್ತಾ ಅಧ್ಯಯನದ ಮೊದಲ ಹೆಜ್ಜೆಗಳು ಇನ್ನಷ್ಟು ತಡವಾಗುತ್ತಿದ್ದವು.

ಮೊದಲ ಪಂಥ: ವೇದದ ಬೆಳಕಿನಲ್ಲಿ

ಮಾರ್ಟಿನ್ ಹೌಗ್ 1858 ಮತ್ತು 1860ರಲ್ಲಿ ಗಾಥೆಗಳ ಮೇಲೆ ಜರ್ಮನ್ ಭಾಷೆಯಲ್ಲಿ ಎರಡು ಸಂಪುಟ ಹೊರತಂದ. ನಡುವೆ 1859ರಲ್ಲಿ ಪುಣೆಗೆ ಸಂಸ್ಕೃತದ ಪ್ರಾಧ್ಯಾಪಕನಾಗಿ ಬಂದಿದ್ದ. ಯಸ್ನದೊಳಗೆ ಗಾಥೆಗಳು ಬೇರೆಯೇ ಪದರ, ಜರತುಷ್ಟ್ರನ ಸ್ವಂತ ಮಾತೆಂದರೆ ಇವು ಮಾತ್ರ ಎಂದು ಗಟ್ಟಿಯಾಗಿ ಹೇಳಿದವನು ಅವನೇ. ಗಾಥೆಯ ಪದದ ಅರ್ಥ ತಿಳಿಯದಿದ್ದರೆ ವೇದದಲ್ಲಿ ಅದರ ಜೋಡಿಪದವನ್ನು ಹುಡುಕು ಎಂಬುದು ಈ ಪಂಥದ ಸೂತ್ರ.

ಈ ದಾರಿಯ ಫಲ ದೊಡ್ಡದು. ವ್ಯಾಕರಣ ತಿಳಿಯಿತು, ಛಂದಸ್ಸು ತಿಳಿಯಿತು, ಯಮನ ತಂದೆ ವಿವಸ್ವಂತನಂಥ ಹೆಸರುಗಳು ಎರಡೂ ಕಡೆ ಇರುವುದು ಕಂಡಿತು. ಕ್ರಿಶ್ಚಿಯನ್ ಬಾರ್ತೊಲೊಮೆಯ 1904ರ ನಿಘಂಟು ಈ ಸಾಧನೆಯ ಶಿಖರ. ಮಿತಿಯೂ ಇಲ್ಲಿಯೇ ಇದೆ. ವೇದದಲ್ಲಿ ದೇವ ಪೂಜ್ಯ, ಗಾಥೆಗಳಲ್ಲಿ ದಏವ ತಿರಸ್ಕೃತ. ಇದನ್ನು ಕಂಡು ಹೌಗ್ ಎರಡು ಜನಾಂಗಗಳ ನಡುವೆ ಧರ್ಮಯುದ್ಧವನ್ನೇ ಕಲ್ಪಿಸಿದ. ಆದರೆ ಋಗ್ವೇದದ ಹಳೆಯ ಸೂಕ್ತಗಳಲ್ಲಿ ವರುಣನೂ ಅಸುರನೇ. ಅಂಥ ಸರಳ ಒಡಕಿನ ಕಥೆಯನ್ನು ಇಂದಿನ ಹೆಚ್ಚಿನ ವಿದ್ವಾಂಸರು ಒಪ್ಪುವುದಿಲ್ಲ. ಪದ ಒಂದೇ ಆದರೂ ಅದು ಬದುಕಿದ ಸಮಾಜ ಬೇರೆ ಎಂಬುದನ್ನು ಈ ಪಂಥ ಹಲವು ಬಾರಿ ಮರೆಯಿತು.

ಎರಡನೆಯ ಪಂಥ: ಪರಂಪರೆಯ ಮಾತು

ಪಾರ್ಸಿಗಳು ಸಾವಿರ ವರ್ಷಗಳಿಂದ ಕಾಯ್ದುಕೊಂಡು ಬಂದ ಪಹ್ಲವಿ ವ್ಯಾಖ್ಯಾನವನ್ನು ಬದಿಗಿಟ್ಟು ಗಾಥೆಗಳನ್ನು ಓದುವುದು ಸರಿಯೇ? ಜೇಮ್ಸ್ ದಾರ್ಮ್‌ಸ್ಟೆಟರ್ ಸರಿಯಲ್ಲ ಎಂದ. 1892–93ರಲ್ಲಿ ಅವನು ಪ್ರಕಟಿಸಿದ ಫ್ರೆಂಚ್ ಅನುವಾದ ಪರಂಪರೆಯನ್ನೇ ಆಧರಿಸಿದ್ದು.

ಕನ್ನಡ ನಾಡಿನ ಓದುಗರಿಗೆ ಈ ವಾದ ಹೊಸದೆನಿಸದು. ವಿಜಯನಗರದ ಬುಕ್ಕರಾಯನ ಆಶ್ರಯದಲ್ಲಿ 14ನೆಯ ಶತಮಾನದಲ್ಲಿ ಸಾಯಣಾಚಾರ್ಯರು ಬರೆದ ಋಗ್ವೇದಭಾಷ್ಯದ ಸುತ್ತ ನಡೆದದ್ದೂ ಇದೇ ಚರ್ಚೆ. ಮ್ಯಾಕ್ಸ್ ಮುಲ್ಲರ್ 1849ರಿಂದ 1874ರವರೆಗೆ ಆ ಭಾಷ್ಯದೊಡನೆ ಋಗ್ವೇದವನ್ನು ಅಚ್ಚು ಹಾಕಿಸಿದ. ಸಾಯಣರು ವೇದಕಾಲದಿಂದ ಎರಡು ಸಾವಿರಕ್ಕೂ ಹೆಚ್ಚು ವರ್ಷ ದೂರದವರು, ಅವರಿಗಿಂತ ಭಾಷಾಶಾಸ್ತ್ರವನ್ನು ನಂಬಬೇಕು ಎಂದು ರುಡಾಲ್ಫ್ ರೋತ್ ವಾದಿಸಿದ. ಮುಂದೆ ಮೈಸೂರಿನ ಜಯಚಾಮರಾಜೇಂದ್ರ ವೇದರತ್ನಮಾಲೆ ಸಾಯಣಭಾಷ್ಯವನ್ನು ಕನ್ನಡದ ಮನೆಮನೆಗೆ ತಂದಿತು. ಸಾಯಣರನ್ನು ಪೂರ್ತಿ ಒಪ್ಪಿದವರಿಗೂ ಪೂರ್ತಿ ತಳ್ಳಿದವರಿಗೂ ವೇದ ಪೂರ್ತಿ ದಕ್ಕಲಿಲ್ಲ ಎಂಬುದು ಇಂದು ಒಪ್ಪಿತವಾದ ಮಾತು.

ಆದರೆ ಎರಡಕ್ಕೂ ದೊಡ್ಡ ವ್ಯತ್ಯಾಸವಿದೆ. ಸಾಯಣರಿಗೆ ಪಾಣಿನಿಯ ವ್ಯಾಕರಣ, ಯಾಸ್ಕರ ನಿರುಕ್ತ, ಪದಪಾಠ ಎಲ್ಲವೂ ಕೈಯಲ್ಲಿದ್ದವು. ಪಹ್ಲವಿ ವ್ಯಾಖ್ಯಾನಕಾರರಿಗೆ ಅಂಥ ಆಸರೆ ಇರಲಿಲ್ಲ. ಅವರು ಮೂಲದ ಪದಗಳನ್ನು ಅದೇ ಅನುಕ್ರಮದಲ್ಲಿ ಒಂದೊಂದಾಗಿ ಅನುವಾದಿಸಿದರು. ವಿಭಕ್ತಿಗಳ ಸಂಬಂಧ ಎಷ್ಟೋ ಕಡೆ ಅವರ ಹಿಡಿತಕ್ಕೆ ಸಿಗಲಿಲ್ಲ. ದಾರ್ಮ್‌ಸ್ಟೆಟರ್ ಪರಂಪರೆಯನ್ನು ಗೌರವಿಸಿದರೂ ಕಾಲನಿರ್ಣಯದಲ್ಲಿ ದಾರಿ ತಪ್ಪಿದ. ಗಾಥೆಗಳಲ್ಲಿ ಗ್ರೀಕ್ ತತ್ವಶಾಸ್ತ್ರದ ನೆರಳು ಕಂಡು ಅವನ್ನು ಕ್ರಿಸ್ತಶಕದ ಆರಂಭದ ಆಸುಪಾಸಿಗೆ ಎಳೆತಂದ. ಭಾಷೆಯ ಪ್ರಾಚೀನತೆಯೇ ಅದನ್ನು ಅಲ್ಲಗಳೆಯಿತು. ಹಾಗೆಂದು ಪಹ್ಲವಿ ಅನುವಾದ ನಿಷ್ಪ್ರಯೋಜಕವಲ್ಲ. ಅಲ್ಲಲ್ಲಿ ಬೇರೆಲ್ಲೂ ಸಿಗದ ಹಳೆಯ ಅರ್ಥವನ್ನು ಅದು ಉಳಿಸಿಕೊಂಡಿದೆ ಎಂಬುದನ್ನು ಈಚಿನ ಅಧ್ಯಯನಗಳು ತೋರಿಸಿವೆ.

ಒಂದು ಸೂಕ್ತ, ನಾಲ್ಕು ಓದು

ಈ ಭಿನ್ನತೆ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ತಿಳಿಯಲು ಯಸ್ನದ 29ನೆಯ ಅಧ್ಯಾಯ ಸಾಕು. 11 ಪದ್ಯಗಳ ಈ ಸೂಕ್ತದಲ್ಲಿ ಗೋವಿನ ಆತ್ಮ ದೇವಶಕ್ತಿಗಳ ಮುಂದೆ ಅಳಲು ತೋಡಿಕೊಳ್ಳುತ್ತದೆ. ತನ್ನನ್ನು ಯಾರಿಗಾಗಿ ಸೃಷ್ಟಿಸಿದಿರಿ, ಹಿಂಸೆ ದಾಳಿಗಳಿಂದ ಕಾಯುವವರು ಯಾರು ಎಂದು ಕೇಳುತ್ತದೆ. ಕಾಯಲು ಜರತುಷ್ಟ್ರನಿದ್ದಾನೆ ಎಂಬ ಉತ್ತರ ಬರುತ್ತದೆ. ಬಲಶಾಲಿ ಒಡೆಯನನ್ನು ಬಯಸಿದ್ದ ಗೋವು, ಬಲವಿಲ್ಲದವನ ದನಿ ಮಾತ್ರ ತನಗೆ ಸಿಕ್ಕಿತಲ್ಲ ಎಂದು ಮರುಗುತ್ತದೆ.

ಮೊದಲ ಓದಿನ ಪ್ರಕಾರ ಇದು ನಿಜವಾದ ದನದ ಮಾತು. ದನಗಾಹಿ ಸಮಾಜವೊಂದು ದನಗಳ್ಳರ ದಾಳಿಗೆ ಸಿಕ್ಕು ನಲುಗಿದಾಗ ಹುಟ್ಟಿದ ಪ್ರತಿಭಟನೆ. ಬಾರ್ತೊಲೊಮೆಯಿಂದ ಮೇರಿ ಬಾಯ್ಸ್‌ವರೆಗೆ ಹಲವರು ಈ ಸಾಮಾಜಿಕ ಹಿನ್ನೆಲೆಗೆ ಒತ್ತು ಕೊಟ್ಟಿದ್ದಾರೆ. ಎರಡನೆಯ ಓದಿನಲ್ಲಿ ಗೋವು ಯಜ್ಞದ ಪಶು ಅಥವಾ ಹವಿಸ್ಸು. ಯಾರ ಕೈಯಲ್ಲಿ ಯಜ್ಞ ಸರಿಯಾಗಿ ನಡೆಯಬೇಕು ಎಂಬುದೇ ಪ್ರಶ್ನೆ. ಮೂರನೆಯದು ಸ್ಟ್ಯಾನ್ಲಿ ಇನ್ಸ್ಲರ್ 1975ರಲ್ಲಿ ಮಂಡಿಸಿದ ರೂಪಕದ ಓದು: ಇಲ್ಲಿ ಗೋವೆಂದರೆ ಜರತುಷ್ಟ್ರ ಕಂಡ ಸದ್ಧರ್ಮದ ದರ್ಶನ. ನಾಲ್ಕನೆಯದು ಅನೇಕ ಪಾರ್ಸಿ ವ್ಯಾಖ್ಯಾನಕಾರರದು. ಸಂಸ್ಕೃತದಲ್ಲಿ ಗೋ ಶಬ್ದಕ್ಕೆ ಭೂಮಿ ಎಂಬ ಅರ್ಥವೂ ಇರುವುದನ್ನು ಆಧರಿಸಿ ಅವರು ಇದನ್ನು ಭೂಮಾತೆಯ ಮೊರೆ ಎನ್ನುತ್ತಾರೆ.

ತುಮಕೂರು ಸೀಮೆಯವರು ಮೊದಲ ಓದನ್ನು ಸುಲಭವಾಗಿ ತಳ್ಳಿಹಾಕಲಾರರು. ತುರುಗೋಳಿನಲ್ಲಿ, ಅಂದರೆ ದನ ಹೊಡೆದುಕೊಂಡು ಹೋಗುವವರ ವಿರುದ್ಧ ಹೋರಾಡಿ ಮಡಿದವರ ವೀರಗಲ್ಲುಗಳು ಕನ್ನಡ ನಾಡಿನ ಊರೂರಲ್ಲಿವೆ. ಶಿರಾ ತಾಲ್ಲೂಕಿನ ಕಳುವರಹಳ್ಳಿಯಲ್ಲಿ ನೆಲೆಸಿದ ಜುಂಜಪ್ಪ ಕಾಡುಗೊಲ್ಲರ ಪಾಲಿಗೆ ದೈವವಾದದ್ದೂ ದನ ಕಾಯ್ದ ವೀರನಾಗಿಯೇ. ದನವೇ ಬದುಕಾದ ಕಡೆ ಅದರ ಅಳಲು ದೇವರ ಮುಂದೆ ನಿಲ್ಲುವುದು ಸಹಜ. ಅದೇ ಅಳಲು ಯಜ್ಞಕ್ಕೂ ರೂಪಕಕ್ಕೂ ಬೆಳೆಯಬಲ್ಲದು. ನಾಲ್ಕು ಓದುಗಳನ್ನು ಒಂದನ್ನೊಂದು ಹೊಡೆದುಹಾಕುವ ಪಕ್ಷಗಳೆಂದು ಕಾಣುವ ಬದಲು ಒಂದೇ ಕಾವ್ಯದ ಪದರಗಳೆಂದು ಕಾಣಲು ಸಾಧ್ಯವಿದೆ.

ಕಾಲ ಯಾವುದು?

ಗ್ರೀಕರು ಜರತುಷ್ಟ್ರನನ್ನು ತಮಗಿಂತ ಐದಾರು ಸಾವಿರ ವರ್ಷ ಹಿಂದಕ್ಕೆ ತಳ್ಳಿದರು. ಇರಾನಿನ ನಂತರದ ಪರಂಪರೆ ಅವನನ್ನು ಅಲೆಕ್ಸಾಂಡರನಿಗಿಂತ 258 ವರ್ಷ ಹಿಂದೆ ಇಟ್ಟಿತು, ಅಂದರೆ ಕ್ರಿ.ಪೂ. 6ನೆಯ ಶತಮಾನದ ಹತ್ತಿರ. ಹರ್ಟ್ಸ್‌ಫೆಲ್ಡ್, ಹೆನ್ನಿಂಗ್ ಮೊದಲಾದವರು ಈ ಲೆಕ್ಕವನ್ನು ಒಪ್ಪಿದರು.

ಎದುರು ವಾದ ಭಾಷೆಯದು. ಗಾಥೆಗಳ ವ್ಯಾಕರಣ ಋಗ್ವೇದದಷ್ಟೇ ಹಳೆಯದು. ಕ್ರಿ.ಪೂ. 522ರಲ್ಲಿ ಪಟ್ಟಕ್ಕೆ ಬಂದ ದಾರಿಯುಷನ ಶಾಸನಗಳ ಹಳೆಯ ಪರ್ಷಿಯನ್ ಅದಕ್ಕಿಂತ ಬಹಳ ಸವೆದದ್ದು. ಅವೆಸ್ತಾದಲ್ಲಿ ಬರುವ ನಾಡುಗಳೂ ಪೂರ್ವ ಇರಾನ್, ಅಫ್ಘಾನಿಸ್ತಾನ, ಮಧ್ಯ ಏಷ್ಯಾದವು. ಪಶ್ಚಿಮದ ಮೀಡಿಯರು, ಪರ್ಷಿಯನ್ನರು ಅಲ್ಲಿ ಕಾಣುವುದಿಲ್ಲ. ಹೀಗಾಗಿ ಮೇರಿ ಬಾಯ್ಸ್ ಮೊದಲಾದವರು ಗಾಥೆಗಳನ್ನು ಕ್ರಿ.ಪೂ. ಎರಡನೆಯ ಸಹಸ್ರಮಾನಕ್ಕೆ ಒಯ್ದರು. ಇಂದು ಬಹುಮತ ಕ್ರಿ.ಪೂ. 1000ದ ಆಚೀಚೆಗೆ ವಾಲಿದೆ. ಆದರೆ ಭಾಷೆ ಎಲ್ಲ ಕಡೆ ಒಂದೇ ವೇಗದಲ್ಲಿ ಸವೆಯುವುದಿಲ್ಲ. ಅದು ಹಿಂದುಮುಂದನ್ನು ಹೇಳೀತು, ಇಸವಿಯನ್ನು ಹೇಳದು. 1980ರಲ್ಲಿ ಪ್ರಾಚೀನ ಕಾಲವನ್ನು ಸಮರ್ಥಿಸಿದ್ದ ಇಟಲಿಯ ಗೆರಾರ್ಡೊ ನ್ಯೋಲಿ 2000ದಲ್ಲಿ ಮನಸ್ಸು ಬದಲಿಸಿ 6ನೆಯ ಶತಮಾನದ ಪಕ್ಷಕ್ಕೆ ಮರಳಿದರು. ಅದೇ ಸಾಕ್ಷ್ಯ ಒಬ್ಬರೇ ವಿದ್ವಾಂಸರನ್ನು ಎರಡು ತೀರ್ಮಾನಗಳಿಗೆ ಒಯ್ದಿತೆಂದರೆ ಈ ಪ್ರಶ್ನೆ ಎಷ್ಟು ಜಟಿಲವಾಗಿದೆ ಎಂಬುದು ತಿಳಿಯುತ್ತದೆ.

ಕವಿ ಯಾರು?

ಹೌಗ್‌ನಿಂದ ಹುಂಬಾಖ್‌ವರೆಗೆ ಬಹುತೇಕ ಎಲ್ಲರೂ ಗಾಥೆಗಳ ಕವಿ ಜರತುಷ್ಟ್ರನೇ ಎಂದು ನಂಬಿದ್ದರು. 53ನೆಯ ಅಧ್ಯಾಯದಲ್ಲಿ ಅವನ ಮಗಳು ಪೊಉರುಚಿಸ್ತಾಳ ಮದುವೆಯ ಪ್ರಸ್ತಾಪವಿದೆ. ಇಂಥ ಮನೆಮಾತು ಕಟ್ಟುಕಥೆಯಾಗಿರಲು ಸಾಧ್ಯವೇ ಎಂಬುದು ಈ ಪಕ್ಷದ ಪ್ರಶ್ನೆ.

ಜ್ಯಾನ್ ಕೆಲೆನ್ಸ್ ಮತ್ತು ಎರಿಕ್ ಪಿರಾರ್ 1988ರಿಂದ 1991ರವರೆಗೆ ಹೊರತಂದ ಸಂಪುಟಗಳು ಈ ನಂಬಿಕೆಯ ಬುಡವನ್ನೇ ಅಲುಗಿಸಿದವು. ಗಾಥೆಗಳಲ್ಲಿ ಜರತುಷ್ಟ್ರನ ಹೆಸರು ಹೆಚ್ಚಾಗಿ ಪ್ರಥಮ ಪುರುಷದಲ್ಲಿ, ಬೇರೊಬ್ಬರು ಹೇಳುವಂತೆ ಬರುತ್ತದೆ. ಹಾಡುವ ಧ್ವನಿ ಪುರೋಹಿತ ಸಮೂಹದ್ದು ಎಂದರು ಅವರು. ಪ್ರೋದ್ಸ್ ಶೆರ್ವೊ ಇನ್ನೂ ಮುಂದೆ ಹೋಗಿ ಜರತುಷ್ಟ್ರ ಮೊದಲ ಯಜ್ಞಕರ್ತನ ಪುರಾಣರೂಪ ಎಂದರು. ಪ್ರತಿವಾದವೂ ಬಲವಾಗಿದೆ. ಹಾನ್ಸ್-ಪೀಟರ್ ಶ್ಮಿಟ್ ಮತ್ತು ಮಾರ್ಟಿನ್ ಶ್ವಾರ್ಟ್ಸ್ ಸೂಕ್ತಗಳ ಒಳಗೆ ವೃತ್ತಾಕಾರದ ಬಂಧವಿದೆ, ಮೊದಲ ಪದ್ಯ ಕೊನೆಯದಕ್ಕೆ, ಎರಡನೆಯದು ಕೊನೆಯದರ ಹಿಂದಿನದಕ್ಕೆ ಪ್ರತಿಧ್ವನಿಸುತ್ತದೆ ಎಂದು ತೋರಿಸಿದರು. ಇಷ್ಟು ಬಿಗಿಯಾದ ಕಟ್ಟಡ ಒಬ್ಬ ಕುಶಲ ಕವಿಯದೇ ಎಂಬುದು ಶ್ವಾರ್ಟ್ಸ್‌ರ ವಾದ. ವೇದದ ಕವಿಯೂ ತನ್ನ ಹೆಸರನ್ನು ಬೇರೊಬ್ಬನದೆಂಬಂತೆ ಹೇಳಿಕೊಳ್ಳುತ್ತಾನೆ. ನಮ್ಮ ವಚನ, ಕೀರ್ತನೆಗಳ ಅಂಕಿತವನ್ನು ಬಲ್ಲವರಿಗೆ ಹೆಸರು ಬಂದ ರೀತಿಯೊಂದರಿಂದಲೇ ಕರ್ತೃತ್ವ ನಿರ್ಣಯವಾಗದು ಎಂಬುದು ಗೊತ್ತು.

ಮೂರನೆಯ ಪಂಥ: ಬಾಯಿ ಮತ್ತು ವಿಧಿ

ಗಾಥೆಗಳು ಸಾವಿರ ವರ್ಷಕ್ಕೂ ಹೆಚ್ಚು ಕಾಲ ಬಾಯಲ್ಲೇ ಉಳಿದವು. ಬಾಯಿಪರಂಪರೆಯಲ್ಲಿ ಎರಡು ಬಗೆ. ಜುಂಜಪ್ಪನ ಕಾವ್ಯವನ್ನು ಗಣೆ ಎಂಬ ಕೊಳಲಿನ ನಾದದೊಡನೆ ಹಾಡುವವರು ಕಥೆಯ ಚೌಕಟ್ಟನ್ನು ಕಾಯುತ್ತಾರೆ, ಸಾಲುಗಳನ್ನು ಆಯಾ ರಾತ್ರಿಗೆ ತಕ್ಕಂತೆ ಹಿಗ್ಗಿಸುತ್ತಾರೆ, ಕುಗ್ಗಿಸುತ್ತಾರೆ. ವೇದಪಾಠಿಗಳು ಕ್ರಮ, ಜಟೆ, ಘನ ಎಂಬ ಪಠಣವಿಧಾನಗಳ ಮೂಲಕ ಒಂದು ಸ್ವರವೂ ಕದಲದಂತೆ ಕಾಯುತ್ತಾರೆ. ಗಾಥೆಗಳು ಎರಡನೆಯ ಬಗೆಯವು. ಹೊಸ ಅವೆಸ್ತಾದ ಸ್ತೋತ್ರಗಳು ಬಹುಕಾಲ ಮೊದಲ ಬಗೆಯಲ್ಲಿ ಬೆಳೆದು ಆಮೇಲೆ ಗಟ್ಟಿಯಾದವು ಎಂದು ಶೆರ್ವೊ ಮೊದಲಾದವರು ವಾದಿಸಿದ್ದಾರೆ. ಎರಡೂ ಬಗೆಗಳನ್ನು ಇಂದಿಗೂ ಕಿವಿಯಾರೆ ಕೇಳಬಹುದಾದ ನಾಡು ನಮ್ಮದು.

ಈ ತಿಳಿವಿನಿಂದ ಹುಟ್ಟಿದ್ದು ವಿಧಿಕೇಂದ್ರಿತ ಪಂಥ. ಗೆಲ್ಡ್ನರ್ 1886ರಿಂದ 1896ರವರೆಗೆ ಸಂಪಾದಿಸಿದ ಪ್ರಮಾಣಪಠ್ಯ ಅವೆಸ್ತಾವನ್ನು ಓದುವ ಪುಸ್ತಕವಾಗಿ ಜೋಡಿಸಿತು. ಹಸ್ತಪ್ರತಿಗಳಲ್ಲಿದ್ದ ವಿಧಿಸೂಚನೆಗಳನ್ನು ಕೈಬಿಟ್ಟಿತು. ಆಲ್ಬರ್ತೊ ಕಾಂತೇರಾ ಇದನ್ನು ಪ್ರಶ್ನಿಸಿ, ಹಸ್ತಪ್ರತಿಗಳು ಯಜ್ಞ ನಡೆಸುವವರ ಕೈಪಿಡಿಗಳು, ಹಾಗೆಯೇ ಓದಬೇಕು ಎಂದರು. ಅಲ್ಮುತ್ ಹಿಂಟ್ಸೆ ಅವರ ತಂಡ 2017ರಲ್ಲಿ ಮುಂಬಯಿಯ ದಾದರಿನ ಪುರೋಹಿತ ಪಾಠಶಾಲೆಯಲ್ಲಿ ಯಸ್ನವಿಧಿಯನ್ನು ಪೂರ್ತಿಯಾಗಿ ಚಿತ್ರೀಕರಿಸಿತು. ಯಾವ ಪದಕ್ಕೆ ಯಾವ ಕ್ರಿಯೆ, ಎಲ್ಲಿ ಹಓಮದ ರಸ ಹಿಂಡುವುದು ಎಂಬುದೆಲ್ಲ ಈಗ ಪಠ್ಯದ ಜೊತೆಗೇ ಸಿಗುತ್ತದೆ. ಆದರೆ ಇಂದಿನ ವಿಧಿ ಗಾಥೆಗಳು ಹುಟ್ಟಿದ ದಿನದ ವಿಧಿಯೇ ಎಂದು ಹೇಳಲಾಗದು. ಅದೇ ಈ ಪಂಥದ ಮಿತಿ.

ಸಮುದಾಯದ ಒಳಗೆ

ಪಾರ್ಸಿಗಳಿಗೆ ಈ ಚರ್ಚೆ ಬದುಕಿನದು. 1843ರಲ್ಲಿ ಮಿಷನರಿ ಜಾನ್ ವಿಲ್ಸನ್ ಪಾರ್ಸಿ ಧರ್ಮ ಎರಡು ದೇವರನ್ನು ನಂಬುವ ಧರ್ಮವೆಂದು ಟೀಕಿಸಿದ. ಹೌಗ್‌ನ ಓದು ಸುಧಾರಕರಿಗೆ ಉತ್ತರ ಒದಗಿಸಿತು: ಗಾಥೆಗಳಲ್ಲಿರುವುದು ಶುದ್ಧ ಏಕದೇವೋಪಾಸನೆ, ಉಳಿದದ್ದು ನಂತರ ಸೇರಿದ್ದು. ಖರ್ಶೇದ್‌ಜಿ ರುಸ್ತಮ್‌ಜಿ ಕಾಮಾ ಯುರೋಪಿನಲ್ಲಿ ಕಲಿತು ಬಂದು ಪುರೋಹಿತ ತರುಣರಿಗೆ ಹೊಸ ಭಾಷಾಶಾಸ್ತ್ರ ಕಲಿಸಿದರು. ಅವರ ಹೆಸರಿನ ಸಂಸ್ಥೆ 1916ರಿಂದ ಮುಂಬಯಿಯಲ್ಲಿದೆ. ಬಾರ್ತೊಲೊಮೆಯ ಶಿಷ್ಯರಾಗಿದ್ದ ಇರಾಚ್ ತಾರಾಪೋರ್‌ವಾಲಾ 1951ರಲ್ಲಿ ಗಾಥೆಗಳನ್ನು ಭಕ್ತನ ಕಣ್ಣಿನಿಂದ ಓದಿದರು. ಸಂಪ್ರದಾಯಸ್ಥರು ಅವೆಸ್ತಾವನ್ನು ಹೀಗೆ ಸೀಳುವುದನ್ನು ಒಪ್ಪಲಿಲ್ಲ. ಶತಮಾನಗಳಿಂದ ನಡೆದುಬಂದ ಪ್ರಾರ್ಥನೆ, ಶುದ್ಧಿವಿಧಿಗಳೂ ಶ್ರುತಿಯ ಭಾಗವೇ ಎಂದರು. ಬೆಂಗಳೂರಿನ ಕ್ವೀನ್ಸ್ ರಸ್ತೆಯಲ್ಲಿ 1926ರಿಂದ ಇರುವ ಅಗ್ನಿಮಂದಿರದ ಭಕ್ತರಿಗೂ ಈ ಪಠ್ಯ ಮೊದಲು ಪ್ರಾರ್ಥನೆ, ಆಮೇಲೆ ಸಂಶೋಧನೆಯ ವಸ್ತು.

ಇತ್ಯರ್ಥವಾಗದೆ ಉಳಿದದ್ದು

ಗಾಥೆಗಳ ಕಾಲ ಇನ್ನೂ ಖಚಿತವಾಗಿಲ್ಲ. ಕವಿ ಒಬ್ಬನೋ ಒಂದು ಪುರೋಹಿತ ವಂಶವೋ ತೀರ್ಮಾನವಾಗಿಲ್ಲ. ಗದ್ಯದ 'ಏಳು ಅಧ್ಯಾಯ'ಗಳೂ ಜರತುಷ್ಟ್ರನದೇ ಇರಬಹುದು ಎಂದು ಯೊಹಾನ್ನಾ ನಾರ್ಟನ್ 1986ರಲ್ಲಿ ಎತ್ತಿದ ಪ್ರಶ್ನೆ ಮುಂದುವರಿದಿದೆ. 30ನೆಯ ಅಧ್ಯಾಯದ ಅವಳಿ ಶಕ್ತಿಗಳು ಜಗತ್ತಿನ ಮೂಲದ ದ್ವೈತವೋ, ಮನುಷ್ಯನ ಆಯ್ಕೆಯ ನೀತಿಪಾಠವೋ ಎಂಬ ವಾದವೂ ನಿಂತಿಲ್ಲ. ನಿಧಾನವಾಗಿ ರಾಗವೆಳೆದು ಪಠಿಸಿದ್ದರಿಂದ ಸ್ವರಗಳು ಎಷ್ಟು ಬದಲಾದವು, ಅದರ ಹಿಂದಿನ ರೂಪ ಯಾವುದು ಎಂಬುದೂ ಪದ್ಯಪದ್ಯಕ್ಕೆ ಚರ್ಚೆಯ ವಿಷಯ.

ಇತ್ಯರ್ಥವಾದದ್ದೂ ಕಡಿಮೆಯೇನಲ್ಲ. ಗಾಥೆಗಳು ಅಸಲಿ, ಅತಿ ಪ್ರಾಚೀನ, ಋಗ್ವೇದದ ಒಡಹುಟ್ಟು, ಮತ್ತು ವಿಧಿಯೊಳಗೆ ಉಳಿದುಬಂದ ಕಾವ್ಯ ಎಂಬುದರಲ್ಲಿ ಇಂದು ಯಾರಿಗೂ ಸಂಶಯವಿಲ್ಲ. ಮುಂದಿನ ಕೆಲಸಕ್ಕೆ ಬೇಕಾದ ಮೂರು ಸಲಕರಣೆಗಳೂ ನಮ್ಮ ನಾಡಿನಲ್ಲಿವೆ: ವೇದಪಾಠದ ಶಾಲೆಗಳು, ಸಾಯಣಭಾಷ್ಯವನ್ನು ಓದಿದ ಕನ್ನಡ ಪಂಡಿತ ಪರಂಪರೆ, ಹಾಡುವವರ ಬಾಯಿಂದಲೇ ಕಾವ್ಯ ಸಂಗ್ರಹಿಸಿದ ಜಾನಪದ ವಿದ್ವಾಂಸರು. ಅವೆಸ್ತಾ ಭಾಷೆಯಿಂದಲೇ ನೇರವಾಗಿ, ಪಹ್ಲವಿ ಅರ್ಥವನ್ನೂ ಭಿನ್ನ ಓದುಗಳನ್ನೂ ಪ್ರತಿ ಪದ್ಯದ ಕೆಳಗೆ ಕೊಟ್ಟು, ಪಾರ್ಸಿ ಪುರೋಹಿತರ ನೆರವು ಪಡೆದು ಮಾಡಿದ ಗಾಥೆಗಳ ಅನುವಾದ ಕನ್ನಡಕ್ಕೆ ಬೇಕು. ಸಂಸ್ಕೃತ ಕಲಿಸುವ ನಮ್ಮ ವಿಶ್ವವಿದ್ಯಾಲಯಗಳು ಅವೆಸ್ತಾವನ್ನೂ ಒಂದು ಪಠ್ಯವಿಷಯವಾಗಿ ಸೇರಿಸಿ ಈ ಕೆಲಸಕ್ಕೆ ಕೈಹಾಕಬೇಕು.